ಕೆಂಪಕ್ಕ ಕಾವಿಗಿಟ್ಟ ಟರ್ಕಿ ಮೊಟ್ಟೆ

ಹುಲಿಕುಂಟೆಯಲ್ಲಿ ಕೋಳಿಯನ್ನು ಕಾವಿಗೆ ಕೂರಿಸಲು ಕೆಂಪಕ್ಕನೇ ಬರಬೇಕು. ಗಂಡ ಕಾಟಪ್ಪ ಕುರಿಗಳ ಹಿಂದೆ ಅಲೆದರೆ, ಇವಳು ಊರವರ ಕೋಳಿಬುಟ್ಟಿಗಳ ಹಿಂದೆ ಅಲೆಯುತ್ತಿದ್ದಳು. ರಾಗಿಹುಲ್ಲು ಹಾಸಿ, ಗುಡುಗಿಗೆ ಮೊಟ್ಟೆ ಕೆಡಬಾರದೆಂದು ಕಬ್ಬಿಣದ ಚೂರು, ಇದ್ದಿಲು ಇಟ್ಟು, ಗೋಡೆಯ ಮೇಲೆ ದಿನಕ್ಕೊಂದು ಗೀಟು ಎಳೆಯುವಳು. ಇಪ್ಪತ್ತೊಂದನೇ ಗೀಟಿಗೆ ಮರಿ. ಅವಳ ಕೈ ತಪ್ಪಿದ್ದನ್ನು ಯಾರೂ ಕಂಡಿರಲಿಲ್ಲ, ಆ ಜಂಭವೂ ಅವಳಿಗೆ ಕೊಂಚ ಇತ್ತು. ನಾನು ಅಲ್ಲಿನ ಸ್ಕೂಲ್ ಮೇಷ್ಟ್ರು, ನಂದೀಶ್ವರಯ್ಯ. ಲಿಂಗ ಕಟ್ಟಿದವನು, ಮೊಟ್ಟೆ ಮುಟ್ಟಿದವನಲ್ಲ. ಆದರೂ ಆ ವರ್ಷ ಕೋಳಿಬುಟ್ಟಿಯ ಮುಂದೆ ನಿಂತಷ್ಟು ಹೊತ್ತು ನಾನು ಪೂಜೆಗೂ ಕೂತಿರಲಿಲ್ಲ.

ಜರ್ಮನ್ ಯುದ್ಧ ಮುಗಿದು ಐದಾರು ವರ್ಷವಾಗಿತ್ತು. ಕೆಂಪಕ್ಕನ ತಮ್ಮ ಮೂಡಲಗಿರಿಯಪ್ಪ ಮೈಸೂರಿನ ಕುದುರೆ ಸೈನ್ಯದ ಜೊತೆ ಸಮುದ್ರ ದಾಟಿ ಬಂದವನು. ಬೆಂಗಳೂರಿನಲ್ಲಿ ಒಬ್ಬ ಬಿಳಿ ದೊರೆಯ ಕುದುರೆ ನೋಡಿಕೊಳ್ಳುತ್ತಿದ್ದ. ಒಮ್ಮೆ ಅಕ್ಕನ ಮನೆಗೆ ಬರುವಾಗ ದೊರೆಯ ಬಂಗಲೆಯಿಂದ ಹೊಟ್ಟಿನಲ್ಲಿ ಹುದುಗಿಸಿ ಆರು ಚುಕ್ಕೆ ಮೊಟ್ಟೆ ತಂದ.

"ಟರ್ಕಿ ಕೋಳೀದು ಕಣಕ್ಕ. ಕುರಿಮರಿಯಷ್ಟು ದಪ್ಪ ಆಗ್ತದೆ."

ಕೆಂಪಕ್ಕ ತನ್ನ ಕರಿ ಹ್ಯಾಟೆಕೋಳಿಯನ್ನು ಅವುಗಳ ಮೇಲೆ ಕೂರಿಸಿದಳು. ಬಾವಿಕಟ್ಟೆಯಲ್ಲಿ ಹೆಂಗಸರು ನಕ್ಕಾಗ ಸಿಟ್ಟಿಗೆದ್ದು, "ಮರಿ ಬರ್ದಿದ್ರೆ ಇನ್ಮೇಲೆ ಯಾರ ಬುಟ್ಟೀನೂ ಮುಟ್ಟಕಿಲ್ಲ" ಎಂದುಬಿಟ್ಟಳು.

ಟರ್ಕಿ ಎಂಬುದು ದೇಶವೆಂದು ನಾನು ಹೇಳಿದೆ. ಮೂಡಲಗಿರಿಯಪ್ಪ ತಲೆಯಾಡಿಸಿದ. "ನಾವು ಟರ್ಕಿಯೋರ ಮೇಲೇ ಯುದ್ಧಕ್ಕೆ ಹೋಗಿದ್ದು ಮೇಷ್ಟ್ರೇ. ನಮ್ಗೆ ಸೆರೆ ಸಿಕ್ಕಿದ್ದ ಟರ್ಕಿಯೋನೊಬ್ಬ ಈ ಕೋಳಿ ತೋರ್ಸಿ 'ಹಿಂದಿ' ಅಂದ. ಹಿಂದೂಸ್ತಾನದ್ದಂತೆ!"

ಸಿರಾಕ್ಕೆ ಹೋಗಿ ಹಳೆಯ ಇಂಗ್ಲಿಷ್ ಪುಸ್ತಕ ತಡಕಾಡಿದೆ. ಎರಡೂ ಅಲ್ಲ, ಹಕ್ಕಿಯ ತವರು ಅಮೇರಿಕಾ. ಮೊದಲು ಆಫ್ರಿಕಾದ ಬೇರೊಂದು ಕೋಳಿ ಟರ್ಕಿ ವರ್ತಕರ ಕೈಯಿಂದ ಇಂಗ್ಲೆಂಡಿಗೆ ಹೋಗುತ್ತಿತ್ತಂತೆ. ಅದನ್ನು ಟರ್ಕಿ ಕೋಳಿ ಎಂದರು. ಆಮೇಲೆ ಈ ದೊಡ್ಡ ಕೋಳಿ ಬಂದಾಗ ಅದೇ ಹೆಸರು ಇದಕ್ಕೆ ಅಂಟಿಕೊಂಡಿತು.

"ಸೀಮೆಎಣ್ಣೆ ಅಂತೀವಲ್ಲ, ಯಾವ ಸೀಮೇದು ಅಂತ ಯಾರಿಗ್ ಗೊತ್ತು? ಅಂಗೇ ಇದೂವೆ" ಎಂದಳು ಕೆಂಪಕ್ಕ. ನನ್ನ ಅರ್ಧ ದಿನದ ಓದು ಅವಳಿಗೆ ಒಂದೇ ಮಾತಿಗೆ ಮುಗಿಯಿತು.

ಇಪ್ಪತ್ತೊಂದನೇ ಗೀಟು ಬಿತ್ತು. ಮರಿ ಬರಲಿಲ್ಲ. ಇಪ್ಪತ್ತಮೂರಕ್ಕೂ ಇಲ್ಲ. ಕಾಟಪ್ಪ ಬಿಸಾಕು ಎಂದ. ನಾನೂ ದೊಡ್ಡ ತಿಳಿದವನ ಹಾಗೆ, "ಕೊಳೆತಿರಬೇಕು, ತಿಪ್ಪೆಗೆ ಹಾಕು ಕೆಂಪಕ್ಕ" ಎಂದೆ. ಈಗ ನೆನೆದರೆ ನಾಚಿಕೆಯಾಗುತ್ತದೆ. ಅವಳ ಕಣ್ಣು ತುಂಬಿತ್ತು. ಹ್ಯಾಟೆಯ ಕೆಳಗೆ ಕೈ ತೂರಿಸಿ ಒಂದು ಮೊಟ್ಟೆ ತೆಗೆದು ಮೂಸಿದಳು, ಕಿವಿಗಿಟ್ಟಳು.

"ಕೊಳೆತ ವಾಸನೆ ಇಲ್ಲ. ಮೇಷ್ಟ್ರೇ, ಇದರ ದಾರಿ ಇನ್ನೊಂದ್ ಸಲ ಹೇಳಿ."

ಅಮೇರಿಕಾ, ಇಂಗ್ಲೆಂಡು, ಬೆಂಗಳೂರು ಎಂದೆ.

"ನಡುವೆ ಟರ್ಕಿ ಹೆಸರು ಬೇರೆ! ಅಷ್ಟೂರು ಸುತ್ತಿ ಬರೋದಕ್ಕೆ ಊರ ಕೋಳಿ ಲೆಕ್ಕ ಹಾಕಿದ್ರೆ ಹೆಂಗೆ? ನಿಧಾನ್ಕೆ ಬರ್ಲಿ ಬುಡಿ."

ಹ್ಯಾಟೆಗೆ ಕೂತಲ್ಲೇ ರಾಗಿ ಕೊಟ್ಟಳು, ನೀರು ಕುಡಿಸಿದಳು. ಬಾವಿಕಟ್ಟೆಗೆ ಹೋಗುವುದನ್ನೇ ಬಿಟ್ಟಳು. ಗೀಟುಗಳು ಮಾತ್ರ ಏರುತ್ತಲೇ ಇದ್ದವು.

ಇಪ್ಪತ್ತೊಂಬತ್ತನೇ ದಿನ ಬೆಳಗ್ಗೆ ನಾನು ಸ್ಕೂಲಿನಲ್ಲಿ ಹಾಜರಿ ಕೂಗುತ್ತಿದ್ದೆ. ಕೆಂಪಕ್ಕ ಬಾಗಿಲಲ್ಲಿ ಬಂದು ನಿಂತು ಮಡಿಲು ಕಟ್ಟಿದ್ದ ಸೆರಗು ಬಿಚ್ಚಿದಳು. ಐದು ಮರಿ, ಉದ್ದ ಕತ್ತಿನವು, ಕಿಚಕಿಚ ಎನ್ನುತ್ತಿದ್ದವು. ಮಕ್ಕಳೆಲ್ಲ ಎದ್ದು ಓಡಿದರು. ನನಗೂ ಸಂತೋಷ ತಡೆಯಲಾಗಲಿಲ್ಲ. ಟರ್ಕಿ ಮೊಟ್ಟೆಗೆ ನಾಲ್ಕು ವಾರದ ಕಾವು ಬೇಕೆಂದು ನನಗೆ ತಿಳಿದದ್ದು ಆಮೇಲೆ.

"ಇವರ ಹೆಸರೂ ಬರ್ಕೊಳಿ ಮೇಷ್ಟ್ರೇ."

ನಗುತ್ತಾ ಪೆನ್ನು ತೆಗೆದೆ. "ಯಾವೂರು ಅಂತ ಬರೀಲಮ್ಮ? ಅಮೇರಿಕಾನಾ, ಟರ್ಕಿನಾ?"

"ಹುಟ್ಟಿದ್ದು ನನ್ ಬುಟ್ಟೀಲಿ" ಎಂದಳು. "ಹುಲಿಕುಂಟೆ ಅಂತ ಬರೀರಿ."