ಅಕ್ಕನ ಐವತ್ತೇಳು ನಿಮಿಷ

ನಮ್ಮಕ್ಕ ಬೆಟ್ಟದ ಗೈಡು. ಪ್ರವಾಸಿಗರನ್ನು ಹತ್ತಿಸುವುದು, ಕಾಲು ಉಳುಕಿಸಿಕೊಂಡವರನ್ನು ಬೆನ್ನ ಮೇಲೆ ಹೊತ್ತು ಇಳಿಸುವುದು ಅವಳ ಕೆಲಸ. ಆಫೀಸಿನವರು ಅವಳನ್ನು 'ಬೆಟ್ಟದ ಆಡು' ಎಂದೇ ಕರೆಯುತ್ತಿದ್ದರು. ಆಮೇಲೆ ಅದೇ ಕೆಲಸಕ್ಕೆ ಸೇರಿದ ಭಾವನಿಗೆ ಬೆಟ್ಟ ಹತ್ತಲು ಕಲಿಸಿದವಳೂ ಅವಳೇ. ಮೊದಲ ವಾರ ಆತ ಅರ್ಧ ದಾರಿಯಲ್ಲೇ ಏದುಸಿರು ಬಿಡುತ್ತ ಕೂತದ್ದನ್ನು ನೆಂಟರ ಮುಂದೆಲ್ಲ ಹೇಳಿ ಬಿದ್ದು ಬಿದ್ದು ನಗುತ್ತಿದ್ದಳು. ಭಾವನೂ ನಗುತ್ತಿದ್ದ, ತುಟಿಯಲ್ಲಿ ಮಾತ್ರ.

ಮಗು ಹುಟ್ಟಿ ಒಂಬತ್ತು ತಿಂಗಳಿಗೆ ಅಕ್ಕ ಕೆಲಸಕ್ಕೆ ಮರಳಲು ಹೊರಟಳು. ದೀರ್ಘ ರಜೆಯಿಂದ ಬಂದವರು ಹದಿನೈದು ಕಿಲೋ ಚೀಲ ಹೊತ್ತು ಒಂದು ಗಂಟೆಯೊಳಗೆ ತುದಿ ಮುಟ್ಟಬೇಕು. ತಪ್ಪಿದರೆ ಕಾಯಂ ಆಗಿ ಟಿಕೆಟ್ ಕಿಟಕಿ; ಅಲ್ಲಾದರೆ ಮಗುವನ್ನು ಪಕ್ಕದಲ್ಲಿಟ್ಟುಕೊಂಡೇ ಕೂರಬಹುದು. ಹೊಟ್ಟೆಗೆ ಬಟ್ಟೆ ಬಿಗಿದುಕೊಂಡು ಎರಡು ತಿಂಗಳು ಹಟ ಹಿಡಿದು ಹತ್ತಿಳಿದಳು. ಅಷ್ಟೂ ದಿನ ಮಗು ನನ್ನ ಕಂಕುಳಲ್ಲಿ. ಅವಳು ಗೆದ್ದರೆ ಮಗು ಅಲ್ಲೇ ಉಳಿಯುತ್ತದೆ, ನನ್ನ ನರ್ಸಿಂಗ್ ಓದು ನೀರುಪಾಲಾಗುತ್ತದೆ ಎಂದು ನನಗೆ ಚೆನ್ನಾಗಿ ಗೊತ್ತಿತ್ತು.

ಹತ್ತುವವರು ಗಡಿಯಾರ ಕಟ್ಟುವಂತಿಲ್ಲ. ತುದಿಯಲ್ಲಿ ಸ್ಟಾಪ್‌ವಾಚ್ ಹಿಡಿದು ನಿಂತವನು, ಅಷ್ಟರಲ್ಲಿ ಹಿರಿಯ ಗೈಡ್ ಆಗಿದ್ದ ಭಾವ. ಮಗುವಿನೊಂದಿಗೆ ಜೀಪಿನಲ್ಲಿ ಹಿಂಬದಿಯ ರಸ್ತೆಯಿಂದ ಹೋಗಿ ನಾನೂ ಪಕ್ಕದಲ್ಲಿದ್ದೆ. ಅಕ್ಕ ಬಂದಳು. ರವಿಕೆ ಹಾಲಿನಿಂದ ಒದ್ದೆ. ತುದಿಯ ಕಲ್ಲು ಮುಟ್ಟಿದಾಗ ಸ್ಟಾಪ್‌ವಾಚಿನಲ್ಲಿ ಐವತ್ತೇಳು ನಿಮಿಷ.

ಭಾವ ಗುಂಡಿ ಒತ್ತಿ ಅಳಿಸಿದ. "ಅರವತ್ತೆರಡು. ಬೇಜಾರು ಮಾಡ್ಕೋಬೇಡ. ಮಗು ಆದ್ಮೇಲೆ ಮೈ ಮೊದಲಿನ ಹಾಗಿರಲ್ಲ."

"ಬೇಗ ಬಂದೆ ಅನ್ನಿಸ್ತಲ್ಲೇ," ಎಂದು ಅಕ್ಕ ನನ್ನ ಮುಖ ನೋಡಿದಳು.

"ನಾನೂ ನೋಡ್ದೆ ಅಕ್ಕ. ಅರವತ್ತೆರಡೇ," ಎಂದೆ.

ಹನ್ನೊಂದು ವರ್ಷವಾಯಿತು. ಭಾವನನ್ನು ಮನಸ್ಸಿನಲ್ಲೇ ಬಾಯಿಗೆ ಬಂದಂತೆ ಬೈಯುತ್ತೇನೆ. ನನ್ನ ಪಾಲು ಅದರಿಂದೇನೂ ಕಡಿಮೆಯಾಗಿಲ್ಲ. ನಾನು ನರ್ಸ್ ಆದೆ. ಗಡಿಯಾರವನ್ನು ನಂಬಿ ತನ್ನ ಕಾಲನ್ನು ನಂಬದೇ ಹೋದ ಅಕ್ಕ ಈಗ ಮನೆಯ ಮಹಡಿಯನ್ನೂ ನಿಂತು ನಿಂತು ಹತ್ತುತ್ತಾಳೆ.

ಮೊನ್ನೆ ಟಿಕೆಟ್ ಕಿಟಕಿಯಲ್ಲಿ ಕೂತಿದ್ದ ಅವಳಿಗೆ ಊಟ ಕೊಡಲು ಹೋಗಿದ್ದೆ. ಹೊಸ ಗೈಡ್ ಹುಡುಗಿ, ಆರು ತಿಂಗಳ ಬಸುರಿ, ಕಿಟಕಿಗೆ ಬಂದಳು.

"ಹೆರಿಗೆ ಆದ್ಮೇಲೆ ಮತ್ತೆ ಹತ್ತೋಕಾಗುತ್ತಾ ಅಕ್ಕಾ?"

"ಆಗಲ್ಲ ಕಣಮ್ಮ," ಎಂದಳು ಅಕ್ಕ, ಅಕ್ಕರೆಯಿಂದಲೇ. "ಸುಮ್ನೆ ಆಸೆ ಇಟ್ಕೋಬೇಡ. ನನ್ನ ಕೈಲೇ ಆಗಲಿಲ್ಲ. ಬೇಕಾದ್ರೆ ನನ್ನ ತಂಗೀನ ಕೇಳು, ಕಣ್ಣಾರೆ ನೋಡಿದಾಳೆ."

ಹುಡುಗಿ ನನ್ನತ್ತ ತಿರುಗಿದಳು. ನಾನು ಹೌದೆಂದು ತಲೆಯಾಡಿಸಿದೆ.