ಅವಳು ಒಪ್ಪದ ಮಟ್ಟು

ಮೊನ್ನೆ ರೇಷ್ಮೆ ಸೀರೆ ತೆಗೆಯೋಣವೆಂದು ಟ್ರಂಕಿನ ಮುಚ್ಚಳ ಎತ್ತಿದೆ. ನುಸಿಗುಳಿಗೆಯ ವಾಸನೆ ಮೂಗಿಗೆ ಬಡಿಯಿತು. ಸೀರೆ ಮರೆತು ಅಲ್ಲೇ ಕೂತುಬಿಟ್ಟೆ. ಹೊಳೆನರಸೀಪುರದಲ್ಲಿ ನಮ್ಮ ಪಕ್ಕದ ಮನೆಯಲ್ಲಿದ್ದ ಮೇಷ್ಟ್ರ ಹಾರ್ಮೋನಿಯಂ ಪೆಟ್ಟಿಗೆ ತೆರೆದರೆ ಇದೇ ವಾಸನೆ...

ಅರಕಲಗೂಡಿರಲಿ, ಚನ್ನರಾಯಪಟ್ಟಣವಿರಲಿ, ಪೌರಾಣಿಕ ನಾಟಕವೆಂದರೆ ಅವರ ಕಾಲು ಹಾರ್ಮೋನಿಯಂ ಬೇಕೇ ಬೇಕು. ಹೊಸ ಮಟ್ಟು ಹೊಳೆದರೆ ಮೊದಲು ಹೆಂಡತಿಗೆ ಕೇಳಿಸುತ್ತಿದ್ದರು. ಆಕೆ ಮುದ್ದೆ ತೊಳಸುತ್ತಲೇ "ಊಂ" ಅಂದರೆ ಅದು ನಾಟಕಕ್ಕೆ ಹೋಗುತ್ತಿತ್ತು. ಸುಮ್ಮನಿದ್ದರೆ ಮೇಷ್ಟ್ರು ಅದನ್ನು ಅಲ್ಲಿಗೇ ಬಿಡುತ್ತಿದ್ದರು.

ಕಟ್ಟಾಯದಲ್ಲಿ ನಾಟಕ ನೋಡಿದ ಸಿನಿಮಾದವರೊಬ್ಬರು ಮೇಷ್ಟ್ರನ್ನು ಸಂಗೀತ ನಿರ್ದೇಶಕರನ್ನಾಗಿ ಮಾಡಿಕೊಂಡರು. ಮೇಷ್ಟ್ರು ನಾಟಕ ಬಿಟ್ಟು, ಬೆಂಗಳೂರಿಗೆ ಓಡಾಡಿ ಹಾಡು ಮುಗಿಸಿಕೊಟ್ಟರು. ಬಿಡುಗಡೆಗೆ ಮುಂಚೆ ಯಾರಿಗೂ ಕೇಳಿಸಕೂಡದು, ಮೊಬೈಲಿನಲ್ಲಿ ಹಿಡಿದು ಹರಡಿಬಿಡುತ್ತಾರೆ ಎಂದು ಸಿನಿಮಾದವರು ಮಾತು ತೆಗೆದುಕೊಂಡಿದ್ದರಂತೆ. ಕರ್ಪೂರ ಮುಟ್ಟಿ ಆಣೆ ಮಾಡಿದವರಂತೆ ಈ ಮಹಾರಾಯರು ಅದನ್ನು ಪಾಲಿಸಿದರು.

ಆ ವರ್ಷವೇ ಮೇಷ್ಟ್ರ ಹೆಂಡತಿಗೆ ಕ್ಯಾನ್ಸರ್ ಅಂದರು. ಹಾಸನದ ಆಸ್ಪತ್ರೆಯವರು ಕೈಚೆಲ್ಲಿ ಮನೆಗೆ ಕಳಿಸಿದ ಮೇಲೆ ನಾನೇ ಹೋಗಿ ಗಂಜಿ ಕುಡಿಸುತ್ತಿದ್ದೆ. ಒಂದು ಮಧ್ಯಾಹ್ನ ಆಕೆ ಗಂಡನನ್ನು ಕೇಳಿದರು.

"ಅದೊಂದ್ ಮಟ್ಟು ನುಡ್ಸಿ ಅಂದ್ರೆ... ನಾನ್ ಯಾರಿಗೇಳ್ಲಿ?"

"ಆಸನದ್ ಟಾಕೀಸ್‌ಗೇ ಕರ್ಕಂಡ್ ಓಯ್ತೀನಿ, ಸುಮ್ಕಿರು. ಮಾತ್ ಕೊಟ್ಟಿವ್ನಿ."

ನನಗೆ ಮೈಯೆಲ್ಲ ಉರಿಯಿತು. ಮೇಷ್ಟ್ರನ್ನು ಹೊರಗೆ ಕರೆದು, "ಆವಮ್ಮ ಯಾರಿಗೇಳಾಳು ಮೇಷ್ಟ್ರೇ? ಏಳಾಕೆ ಉಸ್ರಿದ್ದದಾ?" ಅಂದೆ.

"ಮಾತು ಮಾತೇ ಕಣವ್ವ" ಎಂದು ತಲೆ ತಗ್ಗಿಸಿದರು.

ಆಕೆ ಟಾಕೀಸ್ ನೋಡಲಿಲ್ಲ. ಹೆಣವನ್ನು ಜಗುಲಿಯಲ್ಲಿ ಮಲಗಿಸಿದ್ದರು. ಎತ್ತುವ ಹೊತ್ತಿಗೆ ಮೇಷ್ಟ್ರು ಎಲ್ಲರನ್ನೂ ತಡೆದು, ಹಾರ್ಮೋನಿಯಂ ತರಿಸಿ, ತಲೆಯ ಪಕ್ಕ ಕುರ್ಚಿ ಹಾಕಿಕೊಂಡು ಆ ಮಟ್ಟು ನುಡಿಸಿದರು. ಮುಗಿಸಿ ಆಕೆಯ ಮುಖವನ್ನೇ ನೋಡುತ್ತ ಕೂತರು. ಬಂಧುಗಳು ತಲೆ ಕೆಟ್ಟಿದೆ ಅಂದುಕೊಂಡರು. ಮೇಷ್ಟ್ರು ಕಾಯುತ್ತಿದ್ದುದು ಏನನ್ನು ಎಂದು ನನಗೆ ಗೊತ್ತಿತ್ತು. ಬಹಳ ಹೊತ್ತಾದ ಮೇಲೆ ನನ್ನ ಕಡೆ ತಿರುಗಿದರು.

"ಒಪ್ಲಿಲ್ಲ ಕಣವ್ವ."

ಸಿನಿಮಾ ಬಂತು. ಹಾಡು ಜನರ ಬಾಯಲ್ಲಿ ಓಡಾಡಿತು. ಬೀದಿಯವರೆಲ್ಲ ಹಾಸನಕ್ಕೆ ಹೋಗಿ ನೋಡಿ ಬಂದರು, ಮೇಷ್ಟ್ರು ಹೋಗಲಿಲ್ಲ. ಮತ್ತೆ ಸಿನಿಮಾದವರು ಕರೆಯಲು ಬಂದರೆ ಬಾಗಿಲು ತೆರೆಯಲಿಲ್ಲ. ಪೆಟ್ಟಿಗೆಯನ್ನೂ ತೆರೆಯಲಿಲ್ಲ. ಹಾಗೆಯೇ ಒಂದು ದಿನ ಅವರೂ ಹೋದರು... ಅವರ ಮೇಲಿನ ಸಿಟ್ಟು ನನಗಿನ್ನೂ ಇಳಿದಿಲ್ಲ. ಅವರನ್ನು ನೆನೆದರೆ ಅಳುವೂ ಬರುತ್ತದೆ.

ಟ್ರಂಕಿನ ಮುಂದೆ ಕಣ್ಣೊರೆಸಿಕೊಳ್ಳುತ್ತಿದ್ದ ನನ್ನನ್ನು ಕಂಡು ಮಗಳು ಏನೆಂದು ಕೇಳಿದಳು. ಮೇಷ್ಟ್ರ ನೆನಪಾಯಿತು ಅಂದೆ, ಅಷ್ಟೇ. ಅವಳು ಮೊಬೈಲಿನಲ್ಲಿ ಆ ಹಾಡು ಹುಡುಕಿ ಹಾಕಿದಳು. ಪೂರ್ತಿ ಕೇಳಿದೆ.

"ಚೆನ್ನಾಗೈತೆ ಅಲ್ವೇನಮ್ಮಾ?"

ಚೆನ್ನಾಗಿಯೇ ಇತ್ತು. ಊಂ ಅನ್ನಲು ನನಗೆ ಬಾಯಿ ಬರಲಿಲ್ಲ.