ಚಕ್ಕಡಿ ಹೋಗುವ ಮಟ್ಟಿಗೆ

ಎರಡು ಸಾವಿರದ ಇಸವಿ ದಾಟಿದ ಹೊಸತು. ನಾನು ರಾಣೆಬೆನ್ನೂರಿನಲ್ಲಿ ಮನೆ ಮಾಡಿಕೊಂಡು, ಕೇಸು ಇದ್ದ ದಿನ ಬಸ್ಸು ಹಿಡಿದು ಬ್ಯಾಡಗಿ ಕೋರ್ಟಿಗೆ ಹೋಗುತ್ತಿದ್ದ ವಕೀಲೆ. ಮಧ್ಯಂತರ ಅರ್ಜಿಗಳಲ್ಲಿ ನನ್ನ ಕೈ ಚೆನ್ನಾಗಿ ಪಳಗಿತ್ತು. ಸುಳ್ಳು ವಿನಯ ನನಗೆ ಬಾರದು. ದಾವೆ ಮುಗಿಯುವ ತನಕ ಇದ್ದದ್ದು ಇದ್ದ ಹಾಗೇ ಇರಲಿ ಎಂದು ಕೇಳುವುದಷ್ಟೇ ಆ ಅರ್ಜಿಯ ಕೆಲಸ. ಯಾರದು ಸರಿ ಎಂಬ ಮಾತೇನಿದ್ದರೂ ಸಾಕ್ಷಿಗಳನ್ನು ಕೇಳಿದ ಮೇಲೆ. ಇದನ್ನು ಕಕ್ಷಿದಾರರ ತಲೆಗೆ ಹಾಕುವಷ್ಟರಲ್ಲಿ ಮಾತ್ರ ನನಗೆ ಸಾಕುಸಾಕಾಗುತ್ತಿತ್ತು.

ಆ ಸಲದ ಕಕ್ಷಿದಾರಳು ಮೋಟೆಬೆನ್ನೂರಿನ ಕಡೆಯವಳು, ಗಂಡ ತೀರಿಕೊಂಡ ಮೇಲೂ ಹೊಲ ಬಿಡದೆ ಮಾಡಿಸುತ್ತಿದ್ದ ಗಟ್ಟಿ ಹೆಂಗಸು. ಅವಳ ಎತ್ತಿನ ಚಕ್ಕಡಿ ಮೈದುನನ ಹೊಲ ಹಾದು ಹೋಗಬೇಕು. ಮೈದುನ ಆ ದಾರಿಗೆ ಜಾಲಿಮುಳ್ಳು ಹಚ್ಚಿದ್ದ. ಮೆಣಸಿನಕಾಯಿ ಗಿಡದಲ್ಲೇ ಹಣ್ಣಾಗಿ ನಿಂತಿತ್ತು. ಬಿಡಿಸಿದ ಕಾಯಿ ಬೇಗ ಕಣಕ್ಕೆ ಬಂದು ಒಣಗದಿದ್ದರೆ ಬಣ್ಣ ಕೆಡುತ್ತದೆ, ಬಣ್ಣ ಕೆಟ್ಟ ಕಾಯಿಯನ್ನು ಬ್ಯಾಡಗಿ ಪೇಟೆಯಲ್ಲಿ ಯಾರೂ ಮೂಸಿಯೂ ನೋಡುವುದಿಲ್ಲ. ಅವಳ ಮನೆಯ ವರ್ಷದ ಬಾಳುವೆ ಆ ಗಿಡಗಳ ಮೇಲಿತ್ತು.

ದಾವೆ ಹೂಡಿ, ಮುಳ್ಳು ತೆಗೆಸಲು ಮಧ್ಯಂತರ ಅರ್ಜಿಯನ್ನೂ ಹಾಕಿದೆ. ದಾರಿ ತನ್ನದೇ ಎಂದು ಜಡ್ಜ್ ಸಾಹೇಬರ ಬಾಯಿಂದಲೇ ಹೇಳಿಸಬೇಕೆಂದು ಅವಳ ಹಟ. ಅದನ್ನು ಇವತ್ತು ಕೇಳಿದರೆ ಸಿಗುವುದೂ ಸಿಗದು ಎಂದು ನಾನು ಗದರಿ ಕೂರಿಸಿದೆ.

ವಾದದ ದಿನ ಎದುರು ವಕೀಲರು ಎದ್ದು ನಿಂತು, ಈ ಹೆಂಗಸು ಹೋದ ವಾರ ನಮ್ಮ ಕಕ್ಷಿದಾರನ ಹೊಲದಲ್ಲೇ ಕಾಯಿ ಬಿಡಿಸಿದ್ದು ಹೌದೋ ಅಲ್ಲವೋ ಕೇಳಿ ಎಂದರು. ನಾನು ಹಿಂದಿರುಗಿ ನೋಡಿದರೆ ಇವಳು ಸಂತೋಷದಿಂದ ತಲೆಯಾಡಿಸುತ್ತಿದ್ದಾಳೆ. ಮುಯ್ಯಿಗೆ ಹೋಗಿದ್ದಳಂತೆ. ಒಬ್ಬರ ಹೊಲದಲ್ಲಿ ಒಂದು ದಿನ ದುಡಿದರೆ ಅವರು ಬಂದು ಇವರ ಹೊಲದಲ್ಲಿ ದುಡಿದು ತೀರಿಸುವ ಮುಯ್ಯಿ. ಮೈದುನನ ಹೆಂಡತಿ, ಇವಳ ನೆಗೆಣ್ಣಿ, ಗಂಡ ಹಚ್ಚಿದ ಮುಳ್ಳನ್ನೇ ದಾಟಿ ಬಂದು ಇವಳ ಕಾಯಿ ಬಿಡಿಸಿದ್ದಳು. ಅದನ್ನು ತೀರಿಸಲು ಇವಳು ಹೋಗಿದ್ದಳು. ಕೋರ್ಟಿನಲ್ಲಿ ಜಗಳ, ಹೊಲದಲ್ಲಿ ಮುಯ್ಯಿ! ನನಗೆ ಸಿಟ್ಟು ನೆತ್ತಿಗೇರಿತು.

ಎದುರಿನವರ ಹುರುಪು ಕೇಳಬೇಕೆ? ಹೀಗೆ ಮುಯ್ಯಿ ಮಾಡಿಕೊಂಡು ಮೈದುನನ ಮನೆಯವರ ಒಪ್ಪಿಗೆಯಿಂದ ಓಡಾಡಿದವಳಿಗೆ ದಾರಿಯ ಹಕ್ಕೆಲ್ಲಿಯದು, ಇದನ್ನು ಇವತ್ತೇ ತೀರ್ಮಾನಿಸಿಬಿಡಿ ಎಂದರು. ಅವರು ಎಡವಿದ್ದು ಅಲ್ಲಿ. ನಾನು ಎದ್ದೆ. ಒಪ್ಪಿಗೆಯೋ ಹಕ್ಕೋ ಎಂಬುದೇ ಇಡೀ ದಾವೆ, ಇವರು ಅರ್ಜಿಯಲ್ಲಿ ತೀರ್ಪು ಕೇಳುತ್ತಿದ್ದಾರೆ ಎಂದೆ. ವಿಚಾರಣೆ ನಡೆಸುವಂಥ ಹುರುಳು ಇದೆಯೇ, ತಡೆದರೆ ಹೆಚ್ಚು ನಷ್ಟ ಯಾರಿಗೆ, ಆ ನಷ್ಟ ಆಮೇಲೆ ತುಂಬಿಕೊಡಲು ಬರುತ್ತದೆಯೇ, ಇವತ್ತು ನೋಡಬೇಕಾದದ್ದು ಇಷ್ಟೇ ಎಂದು ಹೇಳಿ ಕುಳಿತೆ.

ನ್ಯಾಯಾಧೀಶರು ಕನ್ನಡಕ ತೆಗೆದು ಇಬ್ಬರನ್ನೂ ನೋಡಿದರು.

"ದಾರಿ ಯಾರದು ಅಂತ ನಾನು ಇವತ್ತು ಹೇಳುವುದಿಲ್ಲ. ಹೇಳಲು ಬರುವುದೂ ಇಲ್ಲ."

ಮುಳ್ಳು ತೆಗೆಯಬೇಕು, ಮೊದಲಿನಂತೆ ಚಕ್ಕಡಿ ಹೋಗಬೇಕು, ಇಲ್ಲಿ ಆಡಿದ ಮಾತು ಕೊನೆಯ ತೀರ್ಪಿಗೆ ತಾಗದು ಎಂದು ಆದೇಶವಾಯಿತು.

ಹೊರಗೆ ಬೇವಿನ ಮರದ ಕೆಳಗೆ ಅವಳು ದಾರಿಯ ಎರಡೂ ಬದಿಗೆ ಗಡಿಕಲ್ಲು ನೆಟ್ಟು ತೆಂಗಿನಕಾಯಿ ಒಡೆಸುವ ಮಾತು ತೆಗೆದಳು. ಚಕ್ಕಡಿ ಹೋಗುವ ಮಟ್ಟಿಗೆ ಗೆದ್ದಿದ್ದೀರಿ, ಒಂದು ಹರಳು ನೆಟ್ಟರೂ ಆದೇಶ ಮುರಿದ ಹಾಗೆ ಎಂದು ಬೈದೆ. ಒಪ್ಪಿದಳು. ಅದೇ ಬಿಸಿಯಲ್ಲಿ, ಕೇಸು ಮುಗಿಯುವ ತನಕ ನೆಗೆಣ್ಣಿಯ ಮುಯ್ಯಿಯನ್ನೂ ಬಿಡಿ, ಸಾಕ್ಷಿಯ ಹೊತ್ತಿಗೆ ಮತ್ತೆ ಅದನ್ನೇ ಎತ್ತುತ್ತಾರೆ ಎಂದೆ.

ಅವಳು ಸೆರಗು ಸರಿಪಡಿಸಿಕೊಂಡು ನನ್ನನ್ನೇ ನೋಡಿದಳು.

"ಅರ್ಜಿ ಹಾಕಿದ್ದು ದಾರಿ ಸಲುವಾಗಿ ಅಲ್ಲೇನ್ರಿ, ವಕೀಲ್ರ? ನಮ್ಮ ಮುಯ್ಯಿ ಸಲುವಾಗಿ ಯಾರೂ ಹಾಕಿಲ್ಲಲ್ರಿ."

ನಕ್ಕುಬಿಟ್ಟೆ. ಅಷ್ಟು ಹೊತ್ತು ನಾನೇ ಕೂಗಿ ಹೇಳಿದ್ದ ಮಿತಿಯನ್ನು ನಾನೇ ದಾಟಿದ್ದೆ. ಮರುದಿನ ಅವಳ ಚಕ್ಕಡಿ ಆ ದಾರಿಯಲ್ಲಿ ಹೋಯಿತು. ಕಾಯಿ ತುಂಬಲು ನೆಗೆಣ್ಣಿ ಬೆಳಗಾಗುವ ಮೊದಲೇ ಬಂದು ನಿಂತಿದ್ದಳಂತೆ.